ಬೆಕ್ಕುಗಳ ದ್ವೀಪಕ್ಕೆ ಹೊರಟಿದ್ದೀರಾ?

ಜಪಾನಿನ ತಾಶಿರೊಜಿಮಾ ಎಂಬ ಪುಟ್ಟ ದ್ವೀಪದಲ್ಲಿ ಮನುಷ್ಯರಿಗಿಂತ ಬೆಕ್ಕುಗಳೇ ಹೆಚ್ಚು. ಹಿಂದೆ ರೇಷ್ಮೆಹುಳುಗಳನ್ನು ಇಲಿಗಳಿಂದ ಕಾಪಾಡಲು ಅಲ್ಲಿ ಬೆಕ್ಕು ಸಾಕುತ್ತಿದ್ದರು. ಬೆಕ್ಕಿಗೊಂದು ಗುಡಿಯೂ ಇದೆ.

ಅಲ್ಲಿ ಮಕ್ಕಳು ಬೆಕ್ಕನ್ನು ಎತ್ತಿಕೊಳ್ಳಲು ಹಟ ಮಾಡುವುದು ಸಹಜ. ಆದರೆ ಬೆಕ್ಕಿನ ಹಲ್ಲು ಸೂಜಿಯಷ್ಟು ಚೂಪು. ಗಾಯ ಚಿಕ್ಕದಾಗಿ ಕಂಡರೂ ರೋಗಾಣುಗಳು ಆಳಕ್ಕಿಳಿದು, ಒಂದೇ ದಿನದಲ್ಲಿ ಕೈ ಊದಿಕೊಳ್ಳಬಹುದು. ಕಚ್ಚಿದರೆ ಕೂಡಲೇ ಸೋಪು ಹಚ್ಚಿ, ಹರಿಯುವ ನೀರಿನಲ್ಲಿ 15 ನಿಮಿಷ ತೊಳೆಯಿರಿ. ಅರಿಶಿನ, ಸುಣ್ಣ ಮೆತ್ತಬೇಡಿ. ವೈದ್ಯರಿಗೆ ತೋರಿಸಿ. ಗರ್ಭಿಣಿಯರು ಬೆಕ್ಕಿನ ಮಲವಿರುವ ಮಣ್ಣನ್ನು ಮುಟ್ಟದಿರುವುದು ಒಳ್ಳೆಯದು.

ಜಪಾನಿನ ಪ್ರಾಣಿಗಳಲ್ಲಿ ರೇಬಿಸ್ ಕೊನೆಯದಾಗಿ ಕಂಡದ್ದು 1957ರಲ್ಲಿ, ಒಂದು ಬೆಕ್ಕಿನಲ್ಲಿ. ನಮ್ಮಲ್ಲಿ ರೋಗ ಇನ್ನೂ ಹೋಗಿಲ್ಲ. ಇಲ್ಲಿ ಮನೆಯ ಬೆಕ್ಕು ಕಚ್ಚಿದರೂ, ಪರಚಿದರೂ ಅದೇ ದಿನ ಆಸ್ಪತ್ರೆಗೆ ಹೋಗಿ ಲಸಿಕೆಯ ಬಗ್ಗೆ ಕೇಳಿ. ರೇಬಿಸ್ ಲಕ್ಷಣ ಕಾಣಿಸಿಕೊಂಡ ಮೇಲೆ ಮದ್ದಿಲ್ಲ.