ಡಿ ಬರ್ಗ್ ಹೋಗಿ ಬರ್ಕ್ ಬಂತು: ಒಂದು ಅಡ್ಡಹೆಸರಿನ ಎಂಟು ಶತಮಾನ

ಬೆಂಗಳೂರಿನ ಎಂ.ಜಿ. ರಸ್ತೆಯ ಮೇಯೋ ಹಾಲ್ ಯಾರಿಗೆ ಗೊತ್ತಿಲ್ಲ? ಕೋರ್ಟು ಕೆಲಸಕ್ಕೆ ಅಲೆದವರಿಗಂತೂ ಚೆನ್ನಾಗಿಯೇ ಗೊತ್ತು. 1883ರಲ್ಲಿ ಉದ್ಘಾಟನೆಯಾದ ಆ ಕಟ್ಟಡ ವೈಸರಾಯ್ ಲಾರ್ಡ್ ಮೇಯೋ ನೆನಪಿಗೆ ಕಟ್ಟಿದ್ದು. ಆತ 1872ರ ಫೆಬ್ರವರಿ 8ರಂದು ಅಂಡಮಾನಿನಲ್ಲಿ ಶೇರ್ ಅಲಿ ಆಫ್ರಿದಿ ಎಂಬ ಕೈದಿಯ ಚೂರಿಗೆ ಬಲಿಯಾದ. ಆದರೆ ಮೇಯೋ ಎಂಬುದು ಅವನ ಮನೆತನದ ಹೆಸರಲ್ಲ. ಅದು ಐರ್ಲೆಂಡಿನ ಪಶ್ಚಿಮದ ಒಂದು ಜಿಲ್ಲೆಯ ಹೆಸರು. ಬಿರುದಿನ ಜೊತೆ ಬಂದದ್ದು. ಅವನ ನಿಜವಾದ ಹೆಸರು ರಿಚರ್ಡ್ ಬರ್ಕ್.

ಬರ್ಕ್ ಎಂದೊಡನೆ ಇತಿಹಾಸ ಓದಿದವರಿಗೆ ಇನ್ನೊಬ್ಬ ನೆನಪಾಗುತ್ತಾನೆ. ವಾರನ್ ಹೇಸ್ಟಿಂಗ್ಸ್‌ನನ್ನು ಪಾರ್ಲಿಮೆಂಟಿನ ಕಟಕಟೆಗೆ ಎಳೆದ ಎಡ್ಮಂಡ್ ಬರ್ಕ್. ಇಂಗ್ಲಿಷಿನಲ್ಲಿ ವೈಸರಾಯನ ಹೆಸರಿಗೆ ‘ಓ’ ಅಕ್ಷರ ಒಂದು ಹೆಚ್ಚು, ಅಷ್ಟೇ. ಉಚ್ಚಾರ ಒಂದೇ. ಕನ್ನಡದಲ್ಲಿ ಬರೆದರೆ ಆ ವ್ಯತ್ಯಾಸವೂ ಉಳಿಯುವುದಿಲ್ಲ!

ಈ ಹೆಸರಿನ ಮೂಲ ರೂಪ ‘ಡಿ ಬರ್ಗ್’. ಫ್ರಾನ್ಸಿನ ನಾರ್ಮಂಡಿಯವರು 1066ರಲ್ಲಿ ಇಂಗ್ಲೆಂಡನ್ನು ಗೆದ್ದ ಮೇಲೆ, ಇಂತಹ ಊರಿನವನು ಎಂದು ಹೇಳಿಕೊಳ್ಳುವ ಪದ್ಧತಿ ಅಲ್ಲಿ ಬಲವಾಯಿತು. ಕಾಸರಗೋಡಿನ ಕವಿ ಕಿಞ್ಞಣ್ಣ ರೈ ಅವರ ಹೆಸರಿನ ಮುಂದೆ ಕಯ್ಯಾರ ಇದ್ದಂತೆ ಎನ್ನಿ. ಫ್ರೆಂಚಿನ ‘ಡಿ’ ಎಂದರೆ ‘ಅಲ್ಲಿಯ’. ‘ಬರ್ಗ್’ ಮಾತ್ರ ಫ್ರೆಂಚಿನದಲ್ಲ. ಕೋಟೆ ಕಟ್ಟಿದ ಜಾಗ ಎಂಬರ್ಥದ ಹಳೆಯ ಇಂಗ್ಲಿಷ್ ಪದ. ನಾರ್ಫೋಕ್ ಪ್ರಾಂತ್ಯದ ಬರ್ಗ್ ಎಂಬ ಹಳ್ಳಿಯೇ ಈ ಮನೆತನದ ಊರು ಎಂಬುದು ಹೆಚ್ಚಿನ ಇತಿಹಾಸಕಾರರ ಅಭಿಪ್ರಾಯ. ಅಂತೂ ಹುಟ್ಟುವಾಗಲೇ ಎರಡು ಭಾಷೆಗಳ ಬೆರಕೆ ಹೆಸರು ಇದು.

ವಿಲಿಯಂ ಡಿ ಬರ್ಗ್ ಎಂಬವನು 1185ರ ಹೊತ್ತಿಗೆ ಐರ್ಲೆಂಡಿಗೆ ಹೋದ. ಅವನ ಮಗ ರಿಚರ್ಡ್ 1235ರಲ್ಲಿ ಪಶ್ಚಿಮದ ಕನಾಟ್ ಪ್ರಾಂತ್ಯವನ್ನು ಗೆದ್ದ. ಮೊಮ್ಮಗನ ಕಾಲಕ್ಕೆ ಉತ್ತರದ ಅಲ್ಸ್ಟರ್‌ನ ಅರ್ಲ್ ಪದವಿಯೂ ಮನೆಗೆ ಬಂತು. ಮುಂದಿನ ತಲೆಮಾರಿನ ‘ಕೆಂಪು ಅರ್ಲ್’ ರಿಚರ್ಡ್‌ನ ಮಗಳು ಸ್ಕಾಟ್ಲೆಂಡಿನ ರಾಬರ್ಟ್ ಬ್ರೂಸ್‌ನ ರಾಣಿಯಾದಳು. ಇಷ್ಟೆಲ್ಲ ಆದರೂ ಅವರು ನಾರ್ಮನ್ನರೇ, ಹೆಸರು ಡಿ ಬರ್ಗ್ ಆಗಿಯೇ ಇತ್ತು.

ಹಾಗಾದರೆ ಬರ್ಕ್ ಆದದ್ದು ಹೇಗೆ? ನಾಲಿಗೆ ತಿರುಗದೆ ಸವೆದದ್ದು ಎಂದು ಸುಮ್ಮನಾಗಬಹುದು. ಆದರೆ ಅದರ ಹಿಂದೆ ಒಂದು ಕೊಲೆ ಇದೆ, ಒಂದು ಆಸ್ತಿ ವ್ಯಾಜ್ಯವೂ ಇದೆ.

ಕೆಂಪು ಅರ್ಲ್‌ನ ಮೊಮ್ಮಗ, ಇನ್ನೊಬ್ಬ ವಿಲಿಯಂ, ತನ್ನದೇ ದಾಯಾದಿಯಾದ ವಾಲ್ಟರ್‌ನನ್ನು ಕೋಟೆಯಲ್ಲಿ ಕೂಡಿಹಾಕಿ ಉಪವಾಸ ಕೆಡವಿ ಸಾಯಿಸಿದ. ಸೇಡು ತಡವಾಗಲಿಲ್ಲ. 1333ರ ಜೂನ್‌ನಲ್ಲಿ, ಕ್ಯಾರಿಕ್‌ಫರ್ಗಸ್ ಬಳಿ, ತನ್ನ ಕಡೆಯವರ ಕೈಯಲ್ಲೇ ಅವನ ಕೊಲೆಯಾಯಿತು. ವಯಸ್ಸು ಇಪ್ಪತ್ತರ ಆಸುಪಾಸು. ಉಳಿದದ್ದು ಎಲಿಜಬೆತ್ ಎಂಬ ಹಸುಗೂಸು.

ಇಂಗ್ಲಿಷ್ ಕಾನೂನಿನ ಪ್ರಕಾರ ಇಡೀ ಆಸ್ತಿ ಆ ಕೂಸಿನದು. ಅವಳನ್ನು ಮದುವೆಯಾದವನ ಕೈಗೆ ಹೋಗುವಂಥದ್ದು. ಆಕೆಯನ್ನು ರಾಜ ಮೂರನೇ ಎಡ್ವರ್ಡ್‌ನ ಮಗ ಲಯೊನೆಲ್‌ಗೆ ಕೊಟ್ಟರು. ಆದರೆ ಐರಿಷ್ ಪದ್ಧತಿ ಬೇರೆ. ಅಲ್ಲಿ ಕುಲದ ಗಂಡಸರಲ್ಲಿ ಸಮರ್ಥನಾದವನನ್ನು ಆರಿಸಿ ನಾಯಕನನ್ನಾಗಿ ಮಾಡುತ್ತಿದ್ದರು. ನೆಲ ಕುಲದಲ್ಲೇ ಉಳಿಯುತ್ತಿತ್ತು. ಕನಾಟ್‌ನಲ್ಲಿದ್ದ ಡಿ ಬರ್ಗ್ ದಾಯಾದಿಗಳು ಲೆಕ್ಕ ಹಾಕಿದರು. ಇಂಗ್ಲಿಷರಾಗಿ ಉಳಿದರೆ ನೆಲ ಹೋಗುತ್ತದೆ, ಐರಿಷರಾದರೆ ಉಳಿಯುತ್ತದೆ. ಅವರು ಐರಿಷರಾದರು!

ಉಡುಪು, ಭಾಷೆ, ನ್ಯಾಯ ಎಲ್ಲವೂ ಬದಲಾಯಿತು. ಮೊದಲ ವಿಲಿಯಂನ ವಂಶ ಎಂಬರ್ಥದಲ್ಲಿ ‘ಮ್ಯಾಕ್ ವಿಲಿಯಂ’ ಎಂದು ಕರೆದುಕೊಂಡರು. ಗಾಲ್ವೆಯವರು ‘ಮೇಲಿನ’ ಮ್ಯಾಕ್ ವಿಲಿಯಂ, ಮೇಯೋದವರು ‘ಕೆಳಗಿನ’ ಮ್ಯಾಕ್ ವಿಲಿಯಂ. (ನಕಾಶೆಯಲ್ಲಿ ಮೇಯೋ ಇರುವುದು ಗಾಲ್ವೆಯ ಉತ್ತರಕ್ಕೆ, ಆದರೂ ಕೆಳಗಿನದು.) ಡಿ ಬರ್ಗ್ ಎಂಬುದು ಐರಿಷ್ ಬಾಯಲ್ಲಿ ‘ಡೆ ಬೂರ್ಕ’ ಆಯಿತು. ಅದನ್ನು ಮತ್ತೆ ಇಂಗ್ಲಿಷಿಗೆ ಇಳಿಸಿಕೊಂಡಾಗ ಹೊರಬಂದದ್ದು ಬರ್ಕ್.

ಡಬ್ಲಿನ್ನಿನಲ್ಲಿದ್ದ ಆಡಳಿತ ಸುಮ್ಮನಿರಲಿಲ್ಲ. 1366ರ ಕಿಲ್ಕೆನ್ನಿ ಶಾಸನ ಬಂತು. ಇಂಗ್ಲಿಷ್ ಮೂಲದವರು ಇಂಗ್ಲಿಷ್ ಹೆಸರೇ ಇಟ್ಟುಕೊಳ್ಳಬೇಕು, ಇಂಗ್ಲಿಷನ್ನೇ ಆಡಬೇಕು, ಐರಿಷ್ ನ್ಯಾಯಕ್ಕೆ ತಲೆಬಾಗಬಾರದು. ತಪ್ಪಿದರೆ ಜಮೀನು ಮುಟ್ಟುಗೋಲು. ತಮಾಷೆಯೆಂದರೆ, ಇಂಗ್ಲಿಷ್ ಕಡ್ಡಾಯ ಮಾಡಿದ ಆ ಶಾಸನ ಬರೆದದ್ದು ಇಂಗ್ಲಿಷಿನಲ್ಲಲ್ಲ, ಫ್ರೆಂಚಿನಲ್ಲಿ! ಕನಾಟ್‌ನಲ್ಲಿ ಅದಕ್ಕೆ ಯಾರೂ ಸೊಪ್ಪು ಹಾಕಲಿಲ್ಲ. ಗಡಿಯಾಚೆ ನೆಲೆಸಿದವರ ಹೆಸರನ್ನು ಕಚೇರಿಯ ಕಾಗದದಿಂದ ತಿದ್ದುವುದು ಅಂದಿಗೂ ಸುಲಭವಿರಲಿಲ್ಲ.

ಅತ್ತ ಎಲಿಜಬೆತ್‌ಳ ವಂಶ ಹೆಣ್ಣುಮಕ್ಕಳ ಮೂಲಕ ಹರಿದು ಯಾರ್ಕ್ ಮನೆತನ ಸೇರಿತು. ಆ ಮನೆಯ ನಾಲ್ಕನೇ ಎಡ್ವರ್ಡ್ 1461ರಲ್ಲಿ ಪಟ್ಟವೇರಿದಾಗ ಅಲ್ಸ್ಟರ್ ಅರ್ಲ್ ಪದವಿ ಸಿಂಹಾಸನದಲ್ಲೇ ಕರಗಿಹೋಯಿತು. ಆಸ್ತಿಯ ಹಕ್ಕು ಇಂಗ್ಲೆಂಡಿನ ರಾಜನಿಗೆ, ನೆಲ ಬರ್ಕ್‌ಗಳಿಗೆ. ಈ ವಿಚಿತ್ರ ಸ್ಥಿತಿ ಎರಡು ಶತಮಾನ ನಡೆಯಿತು. ಕೊನೆಗೆ ಎಂಟನೇ ಹೆನ್ರಿ ರಾಜಿ ಸೂತ್ರ ಹಿಡಿದ. ನೆಲವನ್ನು ಒಪ್ಪಿಸು, ಅದನ್ನೇ ತಿರುಗಿ ಇನಾಮಾಗಿ ಪಡೆ, ಬಿರುದೂ ತಗೋ. 1543ರಲ್ಲಿ ಗಾಲ್ವೆಯ ಉಲಿಕ್ ಬರ್ಕ್ ಹೀಗೆ ಕ್ಲಾನ್‌ರಿಕಾರ್ಡ್‌ನ ಅರ್ಲ್ ಆದ. ಮೇಯೋ ಕಡೆಯ ಟಿಬಟ್ ಬರ್ಕ್‌ಗೆ 1627ರಲ್ಲಿ ವೈಕೌಂಟ್ ಪದವಿ ಸಿಕ್ಕಿತು. ಇವನ ತಾಯಿಯೇ ಹಡಗು ಪಡೆ ಕಟ್ಟಿ ಸಮುದ್ರ ಆಳಿದ ಗ್ರೇಸ್ ಓಮ್ಯಾಲಿ.

ಹೆಸರು ಜನರ ಬಾಯಲ್ಲಿ ಬರ್ಕ್ ಆಗಿ ನಿಂತ ಮೇಲೆ ದೊಡ್ಡವರಿಗೆ ಹಳೆಯದು ಬೇಕೆನಿಸಿತು. 18ನೇ ಶತಮಾನದ ನಡುವೆ ಕ್ಲಾನ್‌ರಿಕಾರ್ಡ್ ಅರ್ಲ್ ರಾಜನ ಅಪ್ಪಣೆ ಪಡೆದು ಮತ್ತೆ ‘ಡಿ ಬರ್ಗ್’ ಆದ. ಈ ಮನೆಯ ಕೊನೆಯ ಮಾರ್ಕ್ವಿಸ್ ಹ್ಯೂಬರ್ಟ್, ಭಾರತದ ಮೊದಲ ವೈಸರಾಯ್ ಕ್ಯಾನಿಂಗ್‌ನ ಅಕ್ಕನ ಮಗ. ಸೋದರಮಾವನ ಆಸ್ತಿ ಬಂದಾಗ ಹೆಸರಿಗೆ ಕ್ಯಾನಿಂಗ್ ಅಂಟಿಸಿಕೊಂಡ. ಲಂಡನ್ನಿನಲ್ಲಿ ಕುಳಿತೇ ಗಾಲ್ವೆಯ ಗೇಣಿದಾರರಿಂದ ಗೇಣಿ ಎತ್ತಿದ. 1886ರಲ್ಲಿ ವುಡ್‌ಫೋರ್ಡ್‌ನಲ್ಲಿ ರೈತ ಕುಟುಂಬಗಳನ್ನು ಹೊರಹಾಕಿಸಿ ಕುಖ್ಯಾತನಾದ. 1916ರಲ್ಲಿ ಮಕ್ಕಳಿಲ್ಲದೆ ಸತ್ತಾಗ ಮಾರ್ಕ್ವಿಸ್ ಪದವಿಯೂ ಮುಗಿಯಿತು.

ಬರ್ಕ್ ಎಂದವರೆಲ್ಲ ಒಂದೇ ರಕ್ತದವರು ಎಂದು ತಿಳಿಯಬಾರದು. ದೊಡ್ಡಮನೆಯ ಆಶ್ರಯದಲ್ಲಿದ್ದವರೂ ಅದೇ ಹೆಸರು ಹಿಡಿಯುವುದು ಅಂದಿನ ವಾಡಿಕೆ. 1729ರಲ್ಲಿ ಡಬ್ಲಿನ್ನಿನಲ್ಲಿ ಹುಟ್ಟಿದ ಎಡ್ಮಂಡ್ ಬರ್ಕ್ ವಕೀಲನ ಮಗ. 1785ರಲ್ಲಿ ಆರ್ಕಾಟ್ ನವಾಬನ ಸಾಲದ ಬಗ್ಗೆ ಪಾರ್ಲಿಮೆಂಟಿನಲ್ಲಿ ಮಾತಾಡುತ್ತ, 1780ರಲ್ಲಿ ಮೈಸೂರಿನ ಹೈದರಾಲಿ ಘಟ್ಟ ಇಳಿದು ಕರ್ನಾಟಿಕ್ ಸೀಮೆಯ ಮೇಲೆರಗಿದ್ದನ್ನು ಆತ ಬಣ್ಣಿಸಿದ ರೀತಿ ಇಂಗ್ಲಿಷ್ ಭಾಷಣ ಸಂಗ್ರಹಗಳಲ್ಲಿ ಇಂದಿಗೂ ಇದೆ. ಅದನ್ನು ತಂದುಕೊಂಡವರು ಕಂಪನಿಯವರೇ ಎಂಬುದು ಅವನ ವಾದ. ಹೇಸ್ಟಿಂಗ್ಸ್ ವಿಚಾರಣೆ 1788ರಿಂದ 1795ರವರೆಗೆ ನಡೆದು ಆರೋಪಿ ಖುಲಾಸೆಯಾದ ಎಂಬುದು ಬೇರೆ ಮಾತು.

ಇನ್ನು ವಿಲಿಯಂ ಬರ್ಕ್ ಎಂಬ ಐರಿಷ್ ಕೂಲಿಯವ. ಎಡಿನ್‌ಬರೋದಲ್ಲಿ 1828ರಲ್ಲಿ ಜೊತೆಗಾರ ಹೇರ್ ಸೇರಿಕೊಂಡು 16 ಮಂದಿಯನ್ನು ಕೊಂದು, ಹೆಣಗಳನ್ನು ಅಂಗರಚನಾ ಶಾಸ್ತ್ರದ ಅಧ್ಯಾಪಕನಿಗೆ ಮಾರಿದ. 1829ರ ಜನವರಿ 28ರಂದು ಗಲ್ಲಿಗೇರಿದ. ಉಸಿರುಕಟ್ಟಿಸಿ ಕೊಲ್ಲುವುದಕ್ಕೆ, ಮುಂದೆ ಸುದ್ದಿಯನ್ನು ಸದ್ದಿಲ್ಲದೆ ಹೊಸಕಿಹಾಕುವುದಕ್ಕೆ, ಇಂಗ್ಲಿಷಿನಲ್ಲಿ ‘ಬರ್ಕ್’ ಎಂಬ ಕ್ರಿಯಾಪದವೇ ಹುಟ್ಟಿತು. ಅದಕ್ಕೆ ಎರಡೇ ವರ್ಷ ಮೊದಲು, 1826ರಲ್ಲಿ, ಜಾನ್ ಬರ್ಕ್ ಎಂಬಾತ ಕುಲೀನರ ವಂಶಾವಳಿಯ ಪುಸ್ತಕ ಹೊರತಂದಿದ್ದ. ಬ್ರಿಟನ್ನಿನ ದೊಡ್ಡ ಮನೆಗಳ ಹೆಸರು ಹುಡುಕುವವರು ಇಂದಿಗೂ ಕೈಗೆತ್ತಿಕೊಳ್ಳುವುದು ಆ ‘ಬರ್ಕ್ಸ್ ಪೀರೇಜ್’ ಅನ್ನೇ.