ಆಗದ್ದನ್ನು ಆಯಿತೆನ್ನುವ ನುಡಿ: ಕಾರ್ಣಿಕದ ಕ್ರಿಯಾರೂಪ ಮತ್ತು ಕಾಲ

ಕಲ್ಪಿತ ಕಥಾಲೋಕಗಳಲ್ಲಿ ಮಂತ್ರಪಠಣಕ್ಕೆ ಕಾಲ ನಿಲ್ಲುವುದುಂಟು, ಹಿಂದಕ್ಕೆ ಸರಿಯುವುದೂ ಉಂಟು. ನಮ್ಮ ಪುರಾಣಗಳಿಗೂ ಈ ಕಲ್ಪನೆ ಹೊಸದಲ್ಲ. ಸೂರ್ಯೋದಯವಾಗುತ್ತಲೇ ಪತಿ ಸಾಯುವನೆಂಬ ಶಾಪವನ್ನು ಕೇಳಿದ ಮಾರ್ಕಂಡೇಯ ಪುರಾಣದ ಪತಿವ್ರತೆ ಶಾಪವನ್ನು ಅಲ್ಲಗಳೆಯುವುದಿಲ್ಲ. ಸೂರ್ಯನೇ ಹುಟ್ಟದಿರಲಿ ಎನ್ನುತ್ತಾಳೆ. ಅವಳ ಮಾತು ತಡೆಯುವುದು ಸಾವನ್ನಲ್ಲ, ಸಾವಿಗೆ ಗೊತ್ತುಮಾಡಿದ ಹೊತ್ತನ್ನು. ಇಂಥ ಕಡೆ ಭಾಷಾವಿಜ್ಞಾನಿ ಕೇಳಬೇಕಾದ ಪ್ರಶ್ನೆ ಒಂದೇ: ಆಚರಣೆಯ ನುಡಿಯು ಕಾಲವನ್ನು ಹಿಡಿಯುವುದು ಭಾಷೆಯ ಯಾವ ಅಂಗದಿಂದ? ಕನ್ನಡದ ಮಟ್ಟಿಗೆ ಉತ್ತರವು ಕ್ರಿಯಾಪದದ ಕೊನೆಯಲ್ಲಿದೆ ಎಂಬುದನ್ನು ಮೈಲಾರದ ಕಾರ್ಣಿಕದ ಮೂಲಕ ವಿವರಿಸುವುದು ಈ ಲೇಖನದ ಉದ್ದೇಶ.

ತುಂಗಭದ್ರೆಯ ದಂಡೆಯ ಮೈಲಾರವು ವಿಜಯನಗರ ಜಿಲ್ಲೆಯ ಹೂವಿನಹಡಗಲಿ ತಾಲ್ಲೂಕಿಗೆ ಸೇರಿದೆ. ಮಾಘಮಾಸದ ಭಾರತ ಹುಣ್ಣಿಮೆಯ ಜಾತ್ರೆಯಲ್ಲಿ ಉಪವಾಸವಿದ್ದ ಗೊರವಯ್ಯನು ಎತ್ತರದ ಬಿಲ್ಲನ್ನೇರಿ ‘ಸದ್ದಲೇ’ ಎಂದು ಕೂಗುತ್ತಾನೆ. ಜನಸ್ತೋಮ ಮೌನವಾಗುತ್ತದೆ. ಆಗ ಒಂದೇ ಒಂದು ವಾಕ್ಯವನ್ನು ನುಡಿದು ಮೇಲಿನಿಂದ ಬೀಳುತ್ತಾನೆ, ಕೆಳಗಿದ್ದವರು ಹಿಡಿದುಕೊಳ್ಳುತ್ತಾರೆ. ಆ ವಾಕ್ಯವನ್ನು ಬರುವ ವರ್ಷದ ಮಳೆ, ಬೆಳೆ, ರಾಜಕಾರಣಗಳ ಭವಿಷ್ಯವೆಂದು ಅರ್ಥೈಸಲಾಗುತ್ತದೆ. ಆದರೆ ಪತ್ರಿಕೆಗಳಲ್ಲಿ ಅಚ್ಚಾಗುವ ಕಾರ್ಣಿಕದ ನುಡಿಗಳಲ್ಲಿ ಮತ್ತೆ ಮತ್ತೆ ಕಾಣುವ ಮುಕ್ತಾಯವೆಂದರೆ ‘-ಇತಲೇ ಪರಾಕ್’. ಇಲ್ಲಿನ ‘-ಇತು’ ಭೂತಕಾಲದ ನಪುಂಸಕ ಏಕವಚನ ಪ್ರತ್ಯಯ. ಹೇಳುವುದು ಮುಂದಿನದನ್ನು, ಬಳಸುವುದು ಹಿಂದಿನ ರೂಪವನ್ನು.

ಇದು ಆಚರಣೆಗೇ ಮೀಸಲಾದ ಗೂಢಭಾಷೆಯಲ್ಲ. ವಾಡಿ ಜಂಕ್ಷನ್ನಿನಲ್ಲಿ ರೈಲು ಇನ್ನೂ ದೂರದಲ್ಲಿ ಕಾಣುತ್ತಿರುವಾಗಲೇ ‘ಗಾಡಿ ಬಂತು’ ಎನ್ನುತ್ತಾರೆ. ಸೇಡಂ, ಚಿತ್ತಾಪುರಗಳ ತೊಗರಿ ಹೊಲದಲ್ಲಿ ಮೋಡ ಕವಿದರೆ ಹನಿ ಬೀಳುವ ಮೊದಲೇ ‘ಮಳೆ ಬಂತು’ ಎಂಬ ಮಾತು ಕೇಳುತ್ತದೆ. ಒಳಗಿನಿಂದ ಕರೆದರೆ ಕುಳಿತಲ್ಲಿಂದ ಏಳದೆಯೇ ‘ಬಂದೆ’ ಎನ್ನುತ್ತೇವೆ. ಇವುಗಳಲ್ಲಿ ಭೂತರೂಪವು ಘಟನೆ ಮುಗಿದುದನ್ನಲ್ಲ, ಅದು ತಪ್ಪದೆಂಬ ನಿಶ್ಚಯವನ್ನು ಸೂಚಿಸುತ್ತದೆ. ಪಾಣಿನಿಯ 3.3.132ನೆಯ ಸೂತ್ರವೂ ಆಶಂಸೆಯನ್ನು, ಎಂದರೆ ಇನ್ನೂ ದೊರೆಯದ ಇಷ್ಟಾರ್ಥದ ನಿರೀಕ್ಷೆಯನ್ನು, ಹೇಳುವಾಗ ಭವಿಷ್ಯಕ್ಕೆ ಭೂತದ ಪ್ರತ್ಯಯಗಳನ್ನು ಒಪ್ಪುತ್ತದೆ. ಆದರೆ ಕಾರ್ಣಿಕವು ಇಷ್ಟವನ್ನಷ್ಟೇ ಅಲ್ಲದೆ ಅನಿಷ್ಟವನ್ನೂ ನುಡಿಯಬಲ್ಲದು. ಆದ್ದರಿಂದ ಅಲ್ಲಿನ ಭೂತರೂಪಕ್ಕೆ ಆಶಂಸೆಗಿಂತ ನಿಶ್ಚಯವೇ ಹೆಚ್ಚು ಹೊಂದುವ ವಿವರಣೆ.

ದಿನಬಳಕೆಯ ಮಾತಿಗೂ ಕಾರ್ಣಿಕಕ್ಕೂ ವ್ಯತ್ಯಾಸವಿರುವುದು ಆಧಾರದಲ್ಲಿ. ‘ಗಾಡಿ ಬಂತು’ ಎನ್ನುವವನಿಗೆ ಗಾಡಿ ಕಾಣುತ್ತಿರುತ್ತದೆ. ಕೇಳುವವರೂ ತಿರುಗಿ ನೋಡಬಹುದು. ಗೊರವಯ್ಯನ ನುಡಿಗೆ ಅಂಥ ಕಣ್ಣಳತೆಯ ಸಾಕ್ಷ್ಯವಿಲ್ಲ. ಸಾಕ್ಷ್ಯದ ಸ್ಥಾನವನ್ನು ಉಪವಾಸ, ಬಿಲ್ಲು, ಮೌನ ಇವು ತುಂಬುತ್ತವೆ. ‘-ಲೇ’ ಎಂಬ ಸಲುಗೆಯ ಸಂಬೋಧನೆ ನೆರೆದವರನ್ನು ನೇರವಾಗಿ ಕರೆಯುತ್ತದೆ. ಅರಸರ ಮುಂದೆ ಕೂಗುತ್ತಿದ್ದ ‘ಪರಾಕ್’ ಅವರನ್ನು ಎಚ್ಚರಿಸುತ್ತದೆ. ಜೆ. ಎಲ್. ಆಸ್ಟಿನ್ನನ 1955ರ ಹಾರ್ವರ್ಡ್ ಉಪನ್ಯಾಸಗಳು 1962ರಲ್ಲಿ ಪ್ರಕಟವಾದ ಮೇಲೆ, ನುಡಿಯುವುದೇ ಒಂದು ಕ್ರಿಯೆಯೆಂಬ ವಿಚಾರ ನಮಗೆ ಪರಿಚಿತ. ತಕ್ಕ ವ್ಯಕ್ತಿ, ತಕ್ಕ ಸ್ಥಳ, ತಕ್ಕ ವಿಧಿ ಕೂಡಿದಾಗ ಮಾತ್ರ ಅಂಥ ನುಡಿ ಸಲ್ಲುತ್ತದೆ. ಅದೇ ವಾಕ್ಯವನ್ನು ಸಂತೆಯಲ್ಲಿ ಯಾರೋ ಕೂಗಿದರೆ ಅದು ಕಾರ್ಣಿಕವಾಗದು.

ಇಲ್ಲಿಯೇ ನಮ್ಮ ಅಧ್ಯಯನಕ್ಕೆ ಒಂದು ತೊಡಕು ಎದುರಾಗುತ್ತದೆ. ಕನ್ನಡದಲ್ಲಿ ಸಂಭಾವನಾರ್ಥಕ ರೂಪವೂ ಭೂತದ ಅಂಗದಿಂದಲೇ ಹುಟ್ಟುತ್ತದೆ: ಬಂದಾನು, ಬಂದೀತು. ‘ಬರು’, ‘ಆಗು’ ಧಾತುಗಳಲ್ಲಿ ‘ಬಂತು’ ಮತ್ತು ‘ಬಂದೀತು’, ‘ಆಯಿತು’ ಮತ್ತು ‘ಆದೀತು’ ಸ್ಪಷ್ಟವಾಗಿ ಬೇರೆಬೇರೆ. ಆದರೆ ‘ತುಳುಕು’, ‘ಚಿಗುರು’ ಮುಂತಾದ ಧಾತುಗಳಲ್ಲಿ ಉಳಿಯುವ ಭೇದ ಒಂದೇ ಮಾತ್ರೆಯದು. ‘ಚಿಗುರಿತು’ ಎಂದರೆ ಆಗಿಹೋಯಿತು. ‘ಚಿಗುರೀತು’ ಎಂದರೆ ಆಗಬಹುದು. ಮೊದಲನೆಯದರಲ್ಲಿ ನುಡಿದವನು ನಿಶ್ಚಯದ ಹೊಣೆ ಹೊರುತ್ತಾನೆ; ಎರಡನೆಯದರಲ್ಲಿ ಸಂದೇಹಕ್ಕೆ ಎಡೆಯಿಡುತ್ತಾನೆ. ದೂರಕ್ಕೆ ಕೇಳುವಂತೆ ಕೂಗುವಾಗ ಸ್ವರ ಹಿಗ್ಗುವುದು ಸಹಜ. ಆ ಹಿಗ್ಗು ವ್ಯಾಕರಣದ್ದೋ ಕೂಗಿನದ್ದೋ ಎಂಬುದನ್ನು ಬರೆದುಕೊಳ್ಳುವವನ ಕಿವಿ ತೀರ್ಮಾನಿಸುತ್ತದೆ. ಒಮ್ಮೆ ಹ್ರಸ್ವವಾಗಿ ಅಚ್ಚಾದ ನುಡಿ ಮುಂದೆ ಹ್ರಸ್ವವಾಗಿಯೇ ಚರ್ಚೆಗೊಳಗಾಗುತ್ತದೆ. ಭವಿಷ್ಯ ಫಲಿಸಿತೇ ಹುಸಿಯಾಯಿತೇ ಎಂಬ ವಾದವೂ ಆ ಅಕ್ಷರದ ಮೇಲೆಯೇ ನಿಲ್ಲುತ್ತದೆ.

ಈ ಎಚ್ಚರ ಮೈಲಾರಕ್ಕಷ್ಟೇ ಸಂಬಂಧಿಸಿದ್ದಲ್ಲ. ಕಲ್ಯಾಣ ಕರ್ನಾಟಕದ ಹಳ್ಳಿಗಳಲ್ಲಿ ಮೊಹರಂ ಸಂದರ್ಭದ ಅಲಾಯಿ ದೇವರ ಹೇಳಿಕೆಗಳಲ್ಲಿಯೂ ಮಳೆ ಬೆಳೆಗಳ ಮಾತು ಬರುತ್ತದೆ. ಶಹಾಬಾದ, ಚಿಂಚೋಳಿಗಳಂತಹ ಕನ್ನಡ, ದಖನಿ, ತೆಲುಗು, ಲಂಬಾಣಿಗಳು ಬೆರೆತ ಪರಿಸರದಲ್ಲಿ ಇಂಥ ನುಡಿಗಳನ್ನು ಸಂಗ್ರಹಿಸುವ ವಿದ್ಯಾರ್ಥಿ, ಭವಿಷ್ಯದ ಮಾತಿಗೆ ಭೂತರೂಪ ಬಂದಿತೆಂದು ಅದನ್ನು ‘-ಉವುದು’ ಎಂದು ತಿದ್ದಿದರೆ ಕಳೆದುಹೋಗುವುದು ಪ್ರತ್ಯಯವೊಂದೇ ಅಲ್ಲ. ಆ ನುಡಿಯನ್ನು ಭವಿಷ್ಯವಾಣಿಯನ್ನಾಗಿ ಮಾಡಿದ ಅಂಶವೇ ಅಳಿಸಿಹೋಗುತ್ತದೆ. ಆದ್ದರಿಂದ ಧ್ವನಿಮುದ್ರಣವನ್ನು ಉಳಿಸಿಕೊಳ್ಳುವುದು, ಸ್ವರದ ದೀರ್ಘತೆಯನ್ನು ಗುರುತಿಸುವುದು, ಸಂದೇಹವಿದ್ದಲ್ಲಿ ಎರಡೂ ಪಾಠಗಳನ್ನು ಕೊಡುವುದು, ನೆರೆದವರು ಅದನ್ನು ಹೇಗೆ ಕೇಳಿಸಿಕೊಂಡರೆಂಬುದನ್ನು ಪ್ರತ್ಯೇಕವಾಗಿ ಬರೆಯುವುದು ಕನಿಷ್ಠ ಶಿಸ್ತಾಗಬೇಕು.

ಡಿ. ಎನ್. ಶಂಕರ ಭಟ್ಟರು ಕನ್ನಡದ ಕ್ರಿಯಾಪದಕ್ಕಿರುವುದು ಮೂರಲ್ಲ, ಎರಡೇ ಕಾಲಗಳೆಂದು ವಾದಿಸಿದ್ದಾರೆ. ಕಾರ್ಣಿಕವು ಆ ಎರಡರ ನಡುವಿನ ಗೆರೆಯನ್ನೂ ದಾಟುತ್ತದೆ. ಅದರಿಂದ ಗಡಿಯಾರದ ಮುಳ್ಳು ಅಲುಗುವುದಿಲ್ಲ. ಅಲುಗುವುದು ಕೇಳುಗರು ನಿಂತ ನೆಲೆ: ಬರಲಿರುವ ವರ್ಷವನ್ನು ಎದುರು ನೋಡುತ್ತಿದ್ದವರು, ಕ್ಷಣಕಾಲ ಅದನ್ನು ಕಳೆದು ಬಂದವರಂತೆ ತಿರುಗಿ ನೋಡುತ್ತಾರೆ.