ಕಾರಿನಲ್ಲಿ ಹೊತ್ತಿ ಆರುವ ಹಳದಿ ದೀಪ

ನಮ್ಮ ವ್ಯಾಪಾರಸ್ಥ ಮನೆತನಗಳಲ್ಲಿ ಕಾರು ಈಗ ಶೋಕಿಯ ವಸ್ತುವಾಗಿ ಉಳಿದಿಲ್ಲ. ವಸೂಲಿಗೆ, ಮದುವೆಗೆ, ಯಾತ್ರೆಗೆ, ಅಪರಾತ್ರಿಯಲ್ಲಿ ಆಸ್ಪತ್ರೆಗೆ, ಎಲ್ಲಕ್ಕೂ ಅದೇ ಬೇಕು. ಜತ್, ಅಕ್ಕಲಕೋಟೆಯ ಎರೆಮಣ್ಣಿನ ರಸ್ತೆಯಿರಲಿ, ಕಾಸರಗೋಡಿನ ಜಡಿಮಳೆಯಿರಲಿ, ತಾಳವಾಡಿಯವರು ಸತ್ಯಮಂಗಲಕ್ಕೆ ಇಳಿಯುವ ದಿಂಬಂ ಘಾಟಿನ 27 ತಿರುವುಗಳಿರಲಿ, ಮನೆಮಂದಿಯ ಜೀವವೆಲ್ಲ ಬ್ರೇಕಿನ ಮೇಲೆ ನಿಂತಿರುತ್ತದೆ. ಆದ್ದರಿಂದ ಡ್ಯಾಷ್‌ಬೋರ್ಡಿನಲ್ಲಿ ಒಮ್ಮೆ ಹೊತ್ತಿ ಒಮ್ಮೆ ಆರುವ 'ಎ.ಬಿ.ಎಸ್.' ಎಂಬ ಹಳದಿ ದೀಪದ ವಿಷಯವನ್ನು ಈ ಸಲ ವಾಚಕರ ಮುಂದಿಡುತ್ತಿದ್ದೇವೆ.

ಎ.ಬಿ.ಎಸ್. ಎಂದರೇನು?

ಹಳೆಯ ಕಾರುಗಳಲ್ಲಿ ಬ್ರೇಕನ್ನು ಒಮ್ಮೆಲೇ ಗಟ್ಟಿಯಾಗಿ ತುಳಿದರೆ ಗಾಲಿ ಕಚ್ಚಿ ನಿಲ್ಲುತ್ತಿತ್ತು, ಗಾಡಿ ಮಾತ್ರ ಜಾರುತ್ತ ಮುಂದೆ ಹೋಗುತ್ತಿತ್ತು. ಜಾರುವ ಗಾಡಿಯಲ್ಲಿ ಸ್ಟೇರಿಂಗ್ ತಿರುವಿದರೂ ಪ್ರಯೋಜನವಿಲ್ಲ. ಈ ಅಪಾಯ ತಪ್ಪಿಸಲೆಂದೇ ಎ.ಬಿ.ಎಸ್. ಹುಟ್ಟಿತು. ಜರ್ಮನಿಯ ಬಾಷ್ ಕಂಪನಿಯ ಈ ಸಾಧನವು 1978ರಲ್ಲಿ ಮರ್ಸಿಡಿಸ್ ಬೆಂಝ್ ಕಾರಿನಲ್ಲಿ ಬಂದಿತು. ನಮ್ಮ ದೇಶದಲ್ಲಿ 2019ರ ಏಪ್ರಿಲ್‌ನಿಂದ ಹೊಸ ಕಾರುಗಳಿಗೆಲ್ಲ ಇದು ಕಡ್ಡಾಯವಾಗಿದೆ.

ಪ್ರತಿಯೊಂದು ಗಾಲಿಯ ಬಳಿ ಒಂದು ಸಣ್ಣ ಸೆನ್ಸಾರ್ ಇರುತ್ತದೆ. ಗಾಲಿಯೊಡನೆ ತಿರುಗುವ ಹಲ್ಲಿನ ರಿಂಗನ್ನೋ, ಬೇರಿಂಗಿನಲ್ಲಿ ಅಡಗಿರುವ ಅಯಸ್ಕಾಂತದ ಪಟ್ಟಿಯನ್ನೋ ನೋಡುತ್ತ ಅದು ಗಾಲಿಯ ವೇಗವನ್ನು ಯಂತ್ರಕ್ಕೆ ತಿಳಿಸುತ್ತದೆ. ಯಾವುದಾದರೂ ಗಾಲಿ ಕಚ್ಚಿಕೊಳ್ಳುವ ಲಕ್ಷಣ ಕಂಡರೆ ಯಂತ್ರವು ಆ ಗಾಲಿಯ ಬ್ರೇಕನ್ನು ಸೆಕೆಂಡಿಗೆ ಹಲವು ಸಲ ಸಡಿಲಿಸಿ ಹಿಡಿಯುತ್ತದೆ. ಆಗ ಪೆಡಲ್ ಕಾಲಿನ ಕೆಳಗೆ ಗಡಗಡ ನಡುಗುತ್ತದೆ. ಹೆದರಿ ಕಾಲು ತೆಗೆಯಬಾರದು, ಒತ್ತಿಯೇ ಹಿಡಿಯಬೇಕು.

ದೀಪದ ಭಾಷೆ

ಕೀಲಿ ತಿರುವಿದ ಕೂಡಲೇ ಈ ಹಳದಿ ದೀಪ ಕೆಲವು ಸೆಕೆಂಡು ಹೊತ್ತಿ ತಾನಾಗಿ ಆರಬೇಕು. ಅದು ಯಂತ್ರವು ತನ್ನನ್ನು ತಾನು ಪರೀಕ್ಷಿಸಿಕೊಳ್ಳುವ ರೀತಿ. ಓಡುವಾಗ ಹಳದಿ ದೀಪವೊಂದೇ ಹೊತ್ತಿದರೆ ಮಾಮೂಲು ಬ್ರೇಕ್ ಕೆಲಸ ಮಾಡುತ್ತದೆ, ಎ.ಬಿ.ಎಸ್. ಸಹಾಯ ಮಾತ್ರ ದೊರೆಯುವುದಿಲ್ಲ. ಆಗ ವೇಗ ತಗ್ಗಿಸಿ, ಮುಂದಿನ ಗಾಡಿಯಿಂದ ದೂರವಿಟ್ಟುಕೊಂಡು ಗ್ಯಾರೇಜಿಗೆ ಹೋಗಬಹುದು. ಆದರೆ ಜೊತೆಗೆ ಕೆಂಪು ದೀಪವೂ ಹೊತ್ತಿದರೆ ಗಾಡಿಯನ್ನು ಬದಿಗೆ ನಿಲ್ಲಿಸಿ ಮೊದಲು ಹ್ಯಾಂಡ್‌ಬ್ರೇಕ್ ಬಿಟ್ಟಿದೆಯೇ ನೋಡಬೇಕು. ಬಿಟ್ಟಿದ್ದರೂ ಕೆಂಪು ದೀಪ ಆರದಿದ್ದರೆ ಬ್ರೇಕ್ ಆಯಿಲ್ ಇಳಿದಿರಬಹುದು, ಇಲ್ಲವೇ ಮುಂದಿನ ಹಿಂದಿನ ಗಾಲಿಗಳಿಗೆ ಬ್ರೇಕನ್ನು ಹಂಚುವ ವ್ಯವಸ್ಥೆ ಕೆಟ್ಟಿರಬಹುದು. ಮದುವೆಯ ಮುಹೂರ್ತ ಮೀರಿದರೂ ಚಿಂತೆಯಿಲ್ಲ, ಆ ಗಾಡಿಯನ್ನು ಮುಂದೆ ಓಡಿಸಬಾರದು.

ಹೊತ್ತುವುದೇಕೆ, ಆರುವುದೇಕೆ?

ಪೂರ್ತಿ ಕೆಟ್ಟ ವಸ್ತುವನ್ನು ಹುಡುಕುವುದು ಸುಲಭ, ಅರ್ಧ ಕೆಟ್ಟದ್ದನ್ನು ಹಿಡಿಯುವುದೇ ಕಷ್ಟ. ಮಳೆಗಾಲದಲ್ಲಿ ಕನೆಕ್ಟರಿನೊಳಗೆ ನೀರು ಸೇರುತ್ತದೆ, ಬಿಸಿಲು ಬಂದರೆ ಒಣಗಿ ದೀಪ ಆರುತ್ತದೆ. ಎರೆಮಣ್ಣು, ತುಕ್ಕು, ಬ್ರೇಕಿನಿಂದ ಉದುರಿದ ಕಬ್ಬಿಣದ ಪುಡಿ ಸೆನ್ಸಾರಿನ ಮೂತಿಗೆ ಮೆತ್ತುತ್ತವೆ. ಬೇರಿಂಗ್ ಸವೆದು ಗಾಲಿ ಅಲುಗಿದರೆ ಸೆನ್ಸಾರಿಗೂ ರಿಂಗಿಗೂ ಇರುವ ಅಂತರ ಬದಲಾಗುತ್ತದೆ. ರಿಂಗ್ ಸೀಳಿದ್ದರೆ ಒಣ ರಸ್ತೆಯಲ್ಲಿ ನಿಧಾನವಾಗಿ ನಿಲ್ಲಿಸುವಾಗಲೂ ಪೆಡಲ್ ನಡುಗುತ್ತದೆ. ಗೋದಾಮಿನ ಪಕ್ಕದಲ್ಲಿ ನಿಲ್ಲುವ ಗಾಡಿಗೆ ಇಲಿಗಳ ಕಾಟ ಬೇರೆ. ಬ್ಯಾಟರಿ ಸೋತಾಗಲೂ, ಒಂದು ಗಾಲಿಗೆ ಬೇರೆ ಅಳತೆಯ ಟೈರ್ ಹಾಕಿದಾಗಲೂ ಈ ದೀಪ ಹೊತ್ತಬಹುದು.

ನಮ್ಮ ಅಂಗಡಿಯ ಕಾರಿನಲ್ಲಿ ಬಲಕ್ಕೆ ತಿರುಗಿದಾಗಲೆಲ್ಲ ದೀಪ ಹೊತ್ತುತ್ತಿತ್ತು. ದೊಡ್ಡ ಊರಿನ ಒಂದು ಗ್ಯಾರೇಜಿನವರು ಎ.ಬಿ.ಎಸ್. ಯಂತ್ರವೇ ಹೋಗಿದೆ, 40,000 ರೂಪಾಯಿಯ ಮೇಲಾಗುತ್ತದೆ ಎಂದರು. ನಾವು ಒಪ್ಪದೆ ಗಾಡಿಯನ್ನು ಊರಿಗೆ ತಂದೆವು. ನಮ್ಮೂರ ಮಿಸ್ತ್ರಿ ಸ್ಟೇರಿಂಗನ್ನು ಕೊನೆಯವರೆಗೆ ತಿರುವಿಸಿ, ಮುಂದಿನ ಎಡಗಾಲಿಯ ಸೆನ್ಸಾರ್ ವೈರನ್ನು ಬೆರಳಿನಿಂದ ಸವರಿ ನೋಡಿದ. ಕ್ಲಿಪ್ ಕಳಚಿ ವೈರು ಉಜ್ಜಿ, ಒಳಗಿನ ತಾಮ್ರ ಹಸಿರುಗಟ್ಟಿತ್ತು. ವೈರಿನ ಸಮೇತ ಸೆನ್ಸಾರ್ ಬದಲಿಸಿ ಹೊಸ ಕ್ಲಿಪ್ ಹಾಕಿದ ಮೇಲೆ ದೀಪ ಮತ್ತೆ ಬಂದಿಲ್ಲ.

ಗ್ಯಾರೇಜಿನಲ್ಲಿ ಕೇಳಬೇಕಾದದ್ದು

ದೀಪ ಆರಿದ್ದರೂ ಯಂತ್ರವು ಯಾವ ಗಾಲಿಯ ದೂರೆಂಬುದನ್ನು ಕೋಡಿನ ರೂಪದಲ್ಲಿ ಬರೆದಿಟ್ಟಿರುತ್ತದೆ. ಅದನ್ನು ಸ್ಕ್ಯಾನರಿನಿಂದ ಓದಬಹುದು. ಕೆಲವರು ಕೋಡ್ ಅಳಿಸಿ, ದೀಪ ಆರಿಸಿ, ಬಿಲ್ಲು ಕೊಡುತ್ತಾರೆ. ಇದು ಬಾಕಿ ತೀರಿಸದೆ ಖಾತೆಯ ಪುಟ ಹರಿದಂತೆ. ಹಣ ತೆರುವ ಮುನ್ನ ಕೋಡನ್ನು ಬರೆಸಿಕೊಳ್ಳಿರಿ. ಬಳಿಕ ಸ್ಕ್ಯಾನರ್ ಜೋಡಿಸಿಯೇ ಗಾಡಿ ಓಡಿಸಿ ನಾಲ್ಕೂ ಗಾಲಿಗಳ ವೇಗವನ್ನು ತೋರಿಸಲು ಹೇಳಿರಿ. ನೇರ ರಸ್ತೆಯಲ್ಲಿ ಮೂರು ಗಾಲಿ 30 ಕಿ.ಮೀ. ತೋರಿಸುವಾಗ ನಾಲ್ಕನೆಯದು ಸೊನ್ನೆಗೆ ಬಿದ್ದೇಳುತ್ತಿದ್ದರೆ ದೋಷ ಆ ಗಾಲಿಯ ಕಡೆಗಿದೆ. ಅಲ್ಲಿಯೂ ಸೆನ್ಸಾರ್ ಬದಲಿಸುವ ಮೊದಲು ಕೊಳೆ, ವೈರು, ಕನೆಕ್ಟರ್, ರಿಂಗ್, ಬೇರಿಂಗ್ ನೋಡಿಸಬೇಕು. ಅಯಸ್ಕಾಂತದ ಪಟ್ಟಿಯಿರುವ ಬೇರಿಂಗನ್ನು ತಿರುಗುಮುರುಗಾಗಿ ಕೂರಿಸಿದರೆ ಹೊಸ ಸೆನ್ಸಾರ್ ಹಾಕಿದರೂ ದೀಪ ಆರದು.

ಹಳೆಯ ಕಾರು ಕೊಳ್ಳುವ ತರುಣರಿಗೊಂದು ಮಾತು. ಕೀಲಿ ತಿರುವಿದಾಗ ಈ ದೀಪ ಹೊತ್ತಿಕೊಳ್ಳದಿದ್ದರೆ ಯಾರೋ ಅದನ್ನು ತಪ್ಪಿಸಿಟ್ಟಿದ್ದಾರೆಂದು ಸಂಶಯಪಡಬೇಕು. ದೀಪ ಕಾಣದ ಮಾತ್ರಕ್ಕೆ ದೋಷವಿಲ್ಲವೆಂದು ನಂಬಿ ವ್ಯವಹಾರ ಮುಗಿಸಬಾರದು.

ಅಂಗಡಿಯಲ್ಲಿ ತಕ್ಕಡಿ ಒಂದು ದಿನ ತಪ್ಪು ತೋರಿಸಿ ಮರುದಿನ ಸರಿಯಾದರೆ ನಾವು ಅದನ್ನು ನಂಬಿ ತೂಗುತ್ತೇವೆಯೇ? ರಿಪೇರಿಗೆ ಕಳಿಸುತ್ತೇವೆ. ಆ ತಕ್ಕಡಿಯಲ್ಲಿ ತೂಗುವುದು ಬೇಳೆ-ಬೆಲ್ಲ, ಕಾರಿನಲ್ಲಿ ಕೂರುವವರು ಸೊಸೆ-ಮೊಮ್ಮಕ್ಕಳು. ಮಳೆ ಹಿಡಿಯುವ ಮುನ್ನ ಒಂದು ದಿನ ಬಿಡುವು ಮಾಡಿಕೊಂಡು ನಾಲ್ಕೂ ಗಾಲಿ ಬಿಚ್ಚಿಸಿ ನೋಡಿಸಿರಿ, ಬ್ರೇಕ್ ಆಯಿಲನ್ನು ಎರಡು ವರ್ಷಕ್ಕೊಮ್ಮೆ ಬದಲಿಸಿರಿ ಎಂದು ವಾಚಕ ಬಾಂಧವರಲ್ಲಿ ನಮ್ಮ ವಿನಂತಿ.